ಬೆರಳು ಹೇಗಿದೆ

ಜೂನ್ ೩

ಅಕ್ಕಾ,

ಕಾಗದ ಕಂಡ ಕೂಡಲೇ ಯಾರೋ ಹೋಗಿಬಿಟ್ಟರು ಅಂದುಕೊಂಡಿರುತ್ತೀಯ. ಯಾರೂ ಹೋಗಿಲ್ಲ. ಕೂತು ಓದು. ಗಿರಾಕಿ ಬಂದರೆ ಮಡಿಸಿ ಒಳಗಿಡು, ಕೌಂಟರಿನ ಮೇಲೆ ಬಿಡಬೇಡ. ಫೋನಿನಲ್ಲಿ ಈ ವಿಷಯ ಎತ್ತಬೇಡ. ಫೋನಿನಲ್ಲಿ ನಿನ್ನ ಮಂಡಿನೋವು, ಅಂಗಡಿಗೆ ಸೇರಿಕೊಂಡಿರುವ ಇಲಿ, ಇಷ್ಟೇ ಮಾತಾಡೋಣ.

ನಾನು ಈಗ ಎಡಿಟ್ ಮಾಡುತ್ತಿರುವ ಸಾಕ್ಷ್ಯಚಿತ್ರ ಯಾವುದರ ಬಗ್ಗೆ ಎಂದು ನೀನು ಕೇಳಲಿಲ್ಲ, ನಾನೂ ಹೇಳಲಿಲ್ಲ. ಅದು ಆಟಿಕೆ ಕಾರ್ಖಾನೆಯ ಬೆಂಕಿಯದು. ಪ್ಯಾಕಿಂಗ್ ವಿಭಾಗದ ಹೆಂಗಸರು ಒಳಗೇ ಸಿಕ್ಕಿಕೊಂಡು ಸತ್ತರಲ್ಲ, ಅದೇ. ಹಿಂಬಾಗಿಲು ತೆರೆದೇ ಇತ್ತು, ಗಾಬರಿಯಲ್ಲಿ ಅವರಿಗೆ ದಾರಿ ಕಾಣಲಿಲ್ಲ ಎಂದು ಮಾಲೀಕರು ಹೇಳಿದರು. ತನಿಖೆಯೂ ಅದನ್ನೇ ಹೇಳಿ ಮುಗಿಯಿತು. ನಮ್ಮ ಚಿತ್ರದಲ್ಲಿ ಒಬ್ಬಾಕೆ ಬೇರೆ ಮಾತು ಹೇಳುತ್ತಾಳೆ. ಪ್ಯಾಕಿಂಗ್ ಹೆಂಗಸರ ಮೇಲ್ವಿಚಾರಣೆ ಅವಳದಾಗಿತ್ತು, ಎಲ್ಲರೂ ಮೇಸ್ತ್ರಮ್ಮ ಅನ್ನುತ್ತಿದ್ದರಂತೆ. ಹಿಂಬಾಗಿಲಿನ ಕೀಲಿ ಅವಳ ಹತ್ತಿರ ಇರುತ್ತಿತ್ತು. ಆ ದಿನ ಬೆಳಿಗ್ಗೆ ಮ್ಯಾನೇಜರು, ಆಟಿಕೆ ಕಳುವಾಗುತ್ತಿವೆ ಎಂದು ಕೀಲಿ ಇಸಿದುಕೊಂಡು, ಹೊರಗಿನಿಂದ ಹೊಸ ಬೀಗವನ್ನೇ ಹಾಕಿಸಿದ. ಬೆಂಕಿ ಹೊತ್ತಿದಾಗ ಮೇಸ್ತ್ರಮ್ಮನನ್ನು ಯಾವುದೋ ಕೆಲಸಕ್ಕೆ ಆಫೀಸಿಗೆ ಕರೆಸಿದ್ದರು, ಹಾಗಾಗಿ ಉಳಿದುಕೊಂಡಳು.

ಮುಖ ತೋರಿಸುವುದಿಲ್ಲ ಎಂಬ ಮಾತಿನ ಮೇಲೆ ಅವಳು ಕ್ಯಾಮೆರಾದ ಮುಂದೆ ಕೂತದ್ದು. ಕಿಟಕಿಗೆ ಬೆನ್ನು ಕೊಟ್ಟು ಕೂರಿಸಿದ್ದಾರೆ, ಮುಖ ಪೂರ್ತಿ ಕಪ್ಪು. ಧ್ವನಿಯನ್ನು ನಾನು ಬದಲಿಸಿದೆ. ಹೋದ ತಿಂಗಳು ನಮ್ಮ ನಿರ್ದೇಶಕರು, ನಾವು ಬೆನ್ನ ಹಿಂದೆ ದೊಡ್ಡಗಂಟಲು ಅನ್ನುತ್ತೇವಲ್ಲ ಅವರು, ಹಣ ಹಾಕುವವರಿಗೆ ತೋರಿಸಲು ಒಂದು ಸಣ್ಣ ತುಣುಕು ಕೇಳಿದರು. ಕಪ್ಪು ಮುಖವನ್ನೇ ಎಷ್ಟು ಹೊತ್ತು ನೋಡುವುದು ಎಂದು ಮಧ್ಯೆ ಅವಳ ಕೈಗಳ ಶಾಟ್ ಹಾಕಿದೆ. ಮಾತಾಡುತ್ತಾ ಮಡಿಲಲ್ಲಿ ಇಲ್ಲದ ಡಬ್ಬಿಯನ್ನು ಮಡಿಸುತ್ತಿರುತ್ತಾಳೆ, ಅಕ್ಕಾ. ಅಷ್ಟು ಚೆನ್ನಾಗಿದೆ ಅದು. ಎಡಗೈ ಕಿರುಬೆರಳು ಯಾವತ್ತೋ ಯಂತ್ರಕ್ಕೆ ಸಿಕ್ಕಿ ಸೊಟ್ಟಗಾಗಿದೆ. ದೊಡ್ಡಗಂಟಲು ನೋಡಿ, "ಇದು ಶಾಟು ಅಂದ್ರೆ" ಅಂದರು. ನನಗೂ ಹೆಮ್ಮೆಯಾಯಿತು.

ತುಣುಕು ಯಾರ ಕೈಯಿಂದ ಯಾರ ಕೈಗೆ ಹೋಯಿತೋ. ಕಳೆದ ವಾರ ಮೇಸ್ತ್ರಮ್ಮ ಬಸ್ಸಿಗೆ ಕಾಯುತ್ತಿದ್ದಾಗ ಒಬ್ಬ ಸ್ಕೂಟರ್ ನಿಲ್ಲಿಸಿ, ನಗುತ್ತಾ, "ಬೆರಳು ಹೇಗಿದೆ?" ಅಂತ ಕೇಳಿ ಹೋದನಂತೆ. ಅಷ್ಟೇ. ಇನ್ನೊಂದು ಮಾತಿಲ್ಲ.

ಮುಖ ಮುಚ್ಚಿದೆ, ಧ್ವನಿ ಮುಚ್ಚಿದೆ, ಬೆರಳು ಮರೆತೆ. ನಿನ್ನೆ ನಮ್ಮ ಕಟ್ಟಡದ ಕಾವಲುಗಾರ ಹೇಳಿದ, "ಸಿನಿಮಾ ಕತ್ತರಿಸೋ ಮೇಡಂ ಯಾವ ಮಹಡೀಲಿರ್ತಾರೆ ಅಂತ ಯಾರೋ ಕೇಳಿದ್ರು." ಆಮೇಲಿಂದ ಲಿಫ್ಟಿನ ಸದ್ದಾದರೆ ನನ್ನ ಕೈ ಕೀಬೋರ್ಡಿನ ಮೇಲೆ ಹಾಗೇ ನಿಂತುಬಿಡುತ್ತದೆ.

ಭಾವನಿಗೆ ಹೇಳಬೇಡ.

ನಿನ್ನ
ಮರಿ


ಜೂನ್ ೯

ಮರಿ,

ಅಂಚೆಯವನಿಗೆ ನಮ್ಮ ಅಂಗಡಿ ಎಲ್ಲಿದೆ ಅನ್ನುವುದೇ ಮರೆತುಹೋಗಿತ್ತಂತೆ, ಪಕ್ಕದ ಕನ್ನಡಕದ ಅಂಗಡಿಯಲ್ಲಿ ಕೊಟ್ಟು ಹೋಗಿದ್ದ. ನಿನ್ನ ಗುಟ್ಟಿನ ಕಥೆ ಇಷ್ಟು. ಇಲಿ ಸತ್ತಿದೆ, ಆದ್ದರಿಂದ ಫೋನಿನಲ್ಲಿ ಮಾತಾಡಲು ಒಂದು ವಿಷಯ ಕಡಿಮೆಯಾಯಿತು.

ತಮಾಷೆ ಬಿಡು. ಎರಡು ಸಲ ಓದಿದೆ. ಮೊದಲನೆಯ ಸಲ ಬೈಯಬೇಕು ಅನ್ನಿಸಿತು, ಎರಡನೆಯ ಸಲ ಭಯವಾಯಿತು. ಆದರೂ ಕೇಳುತ್ತೇನೆ, ಒಬ್ಬ ಬೆರಳಿನ ಬಗ್ಗೆ ವಿಚಾರಿಸಿದ, ಇನ್ನೊಬ್ಬ ಮಹಡಿ ಕೇಳಿದ. ಇದರಲ್ಲಿ ನೀನು ಸೇರಿಸಿ ಹೊಲಿದದ್ದು ಎಷ್ಟು? ಬೇರೆ ಬೇರೆ ತುಂಡುಗಳನ್ನು ಪಕ್ಕಪಕ್ಕ ಇಟ್ಟು ಕಥೆ ಮಾಡುವುದೇ ನಿನ್ನ ಕಸುಬಲ್ಲವೇ? ಜ್ವರಕ್ಕೆ, ವಾಂತಿಗೆ ನನ್ನ ಹತ್ತಿರ ಮದ್ದಿದೆ. ಅನುಮಾನಕ್ಕಿಲ್ಲ.

ನಿಜವೇ ಆಗಿದ್ದರೆ ಆ ಕೆಲಸ ಬಿಟ್ಟು ಬಾ. ಇಷ್ಟು ವರ್ಷ ಕತ್ತಲಲ್ಲಿ ಕೂತು ಕಣ್ಣು ಹಾಳುಮಾಡಿಕೊಂಡೆ. ನಿನ್ನ ಹೆಸರು ತೆರೆಯ ಮೇಲೆ ಬರುವಷ್ಟರಲ್ಲಿ ಜನ ಎದ್ದು ಬಾಗಿಲು ದಾಟಿರುತ್ತಾರೆ. ನಾನೂ ಒಂದು ಸಲ ದಾಟಿದ್ದೆ, ಆಮೇಲೆ ನೆನಪಾಗಿ ಒಳಗೆ ಓಡಿಬಂದೆ. ಹಾಗೆ ಹೆಸರೂ ಇಲ್ಲದ ಕೆಲಸಕ್ಕೆ ಜೀವ ಒತ್ತೆ ಇಡುವವರುಂಟೇ? ಪೊಲೀಸರಿಗೆ ತಿಳಿಸು, ಬೀಗ ಹಾಕು, ಬಸ್ಸು ಹತ್ತು.

ಇವರಿಗೆ ನಾನು ಹೇಳಲಿಲ್ಲ. ಇವರೇ ನನ್ನ ಮುಖ ನೋಡಿ ಕಾಗದ ತೆಗೆದು ಓದಿದರು. ಪೊಲೀಸರು ದಾರಿ ಕೇಳಿದರೂ ವಕೀಲರನ್ನು ನೆನೆಸಿಕೊಳ್ಳುವ ಮನುಷ್ಯ. ಆವತ್ತಿನಿಂದ ಅಂಗಡಿಯ ಬೀಗವನ್ನು ಎಳೆದೆಳೆದು ನೋಡುತ್ತಿದ್ದಾರೆ.

ನಿನ್ನ
ಅಕ್ಕ


ಜೂನ್ ೧೬

ಅಕ್ಕಾ,

ಈ ಕಾಗದ ಅಂಚೆಯಲ್ಲಿ ಬಂದಿಲ್ಲ. ತಂದುಕೊಟ್ಟವಳು ನಿನ್ನ ಮುಂದೆಯೇ ನಿಂತಿದ್ದಾಳೆ. ಮೊದಲು ಅವಳನ್ನು ಕೂರಿಸು. ಜೊತೆಯಲ್ಲಿರುವ ಅಜ್ಜಿ ಅವಳ ತಾಯಿ, ಕಿವಿ ಕೇಳಿಸುವುದಿಲ್ಲ. ಇಬ್ಬರೂ ಬೆಳಗ್ಗೆಯಿಂದ ಏನೂ ತಿಂದಿರಲಾರರು.

ಕೇಳದೆ ಕಳಿಸಿದ್ದೇನೆ. ಕೇಳಿದ್ದರೆ ನೀನು ಬೇಡ ಅನ್ನುತ್ತಿದ್ದೆ, ಮತ್ತು ಹಾಗನ್ನುವುದು ನ್ಯಾಯವೂ ಆಗಿರುತ್ತಿತ್ತು.

ಸೋಮವಾರ ನಾನು ಎಡಿಟಿಂಗ್ ಕೋಣೆಗೆ ಹೋದಾಗ ಬಾಗಿಲಿಗೆ ಹಾಕಿದ ಬೀಗ ಹಾಕಿದ ಹಾಗೇ ಇತ್ತು. ಒಳಗೆ ಒಂದು ಕಾಗದದ ಚೂರೂ ಹೋಗಿರಲಿಲ್ಲ. ಹಾರ್ಡ್ ಡಿಸ್ಕುಗಳೆಲ್ಲ ಇದ್ದವು. ಆದರೆ ನಾನು ಆರಿಸಿ ಹೋಗಿದ್ದ ಕಂಪ್ಯೂಟರ್ ಪರದೆ ಬೆಳಗುತ್ತಿತ್ತು. ಚಿತ್ರವನ್ನು ಒಂದು ಕಡೆ ತಂದು ನಿಲ್ಲಿಸಿದ್ದರು. ಆ ಬೆರಳಿನ ಮೇಲೆ. ನನ್ನ ಕುರ್ಚಿಯನ್ನು ಬಾಗಿಲ ಕಡೆಗೆ ತಿರುಗಿಸಿಟ್ಟಿದ್ದರು, ಬಂದವಳು ಕೂರಲಿ ಎಂಬಂತೆ.

ಕಳ್ಳತನವಾಗಿದ್ದರೆ ಇಷ್ಟು ಹೆದರುತ್ತಿರಲಿಲ್ಲ.

ಪೊಲೀಸರ ಹತ್ತಿರ ಹೋದೆ. ಅಲ್ಲಿದ್ದವರು ಪೂರ್ತಿ ಕೇಳಿಸಿಕೊಂಡು, "ಏನು ಹೋಗಿದೆ?" ಅಂದರು. ಏನೂ ಇಲ್ಲ ಅಂದೆ. "ಬೆರಳು ಹೇಗಿದೆ ಅಂತ ಕೇಳೋದು ಯಾವ ಅಪರಾಧ ಮೇಡಂ? ನಾವೂ ಕೇಳ್ತೀವಿ." ದೊಡ್ಡಗಂಟಲಿಗೆ ಫೋನ್ ಮಾಡಿದರೆ ಆ ಗಂಟಲು ಎಲ್ಲಿ ಅಡಗಿತ್ತೋ, ಪಿಸುಗುಟ್ಟಿದರು. "ಸ್ವಲ್ಪ ದಿನ ತಣ್ಣಗಿರೋಣ." ಮಾರನೆಯ ದಿನದಿಂದ ಫೋನ್ ಆಫ್. ಮಾವನ ಮನೆಗೆ ಹೋಗಿದ್ದಾರಂತೆ.

ಹಾಗಾಗಿ ನಾನೇ ಅವಳ ಮನೆ ಹುಡುಕಿಕೊಂಡು ಹೋದೆ. ಅಕ್ಕಾ, ನನ್ನ ಕಸುಬಿನಲ್ಲಿ ಇದು ನಡೆಯುವ ಮಾತಲ್ಲ. ಶೂಟಿಂಗ್ ಮಾಡುವವರು ಜನರ ಮನೆಗೆ ಹೋಗುತ್ತಾರೆ, ಅಲ್ಲಿ ಚಹಾ ಕುಡಿಯುತ್ತಾರೆ. ನನ್ನ ಹತ್ತಿರ ಬರುವುದು ಅವರ ಮಾತು, ಮುಖ ಮಾತ್ರ. ಇಷ್ಟು ವರ್ಷದಲ್ಲಿ ನಾನು ತಿಂಗಳುಗಟ್ಟಲೆ ನೋಡಿದ ಒಬ್ಬ ಮನುಷ್ಯನನ್ನೂ ಎದುರಿಗೆ ಕಂಡಿಲ್ಲ. ಅವಳು ಕಷ್ಟದ ಮಾತಿಗೆ ಮುಂಚೆ ಒಮ್ಮೆ ಗಂಟಲು ಸರಿಮಾಡಿಕೊಳ್ಳುತ್ತಾಳೆ ಎಂದು ಗೊತ್ತು, ಅದನ್ನೆಲ್ಲ ಕತ್ತರಿಸಿ ತೆಗೆದವಳು ನಾನೇ. ಆದರೆ ಅವಳು ಇಷ್ಟು ಕುಳ್ಳಗಿದ್ದಾಳೆ ಎಂದು ಗೊತ್ತಿರಲಿಲ್ಲ.

ಬಾಗಿಲನ್ನು ಇಷ್ಟೇ ಇಷ್ಟು ತೆರೆದು, "ನಿಮ್ಮನ್ನ ಎಲ್ಲೂ ನೋಡಿಲ್ವಲ್ಲ" ಅಂದಳು.

"ಇಲ್ಲ. ನಾನು ನಿಮ್ಮನ್ನ ನೋಡಿದೀನಿ" ಅಂದೆ. ಅವಳು ಬಾಗಿಲು ಹಾಕಿಕೊಂಡಳು. ತಪ್ಪು ನನ್ನದೇ, ಹೆದರಿದವರ ಮುಂದೆ ಆಡುವ ಮಾತೇ ಅದು?

ಬಾಗಿಲಿನ ಆಚೆಯಿಂದಲೇ ಎಲ್ಲ ಹೇಳಿದೆ. ಕೈಯ ಶಾಟ್ ಹಾಕಿದವಳು ನಾನು ಎಂದೂ ಹೇಳಿದೆ. ಆಮೇಲೆ ಗಂಟಲು ಸರಿಮಾಡಿಕೊಂಡದ್ದು ಕೇಳಿಸಿತು. "ಅಂಥ ಬೆರಳು ಹಾಕಿದೀರಲ್ಲ, ಅಸಹ್ಯ ಆಗ್ಲಿಲ್ವಾ?"

"ಅದೇ ಚೆನ್ನಾಗಿತ್ತು ಅಂತ ಹಾಕಿದೆ."

ಬಾಗಿಲು ತೆರೆದಳು. ನಗುತ್ತಿದ್ದಳೋ ಅಳುತ್ತಿದ್ದಳೋ ತಿಳಿಯಲಿಲ್ಲ. ಎಡಗೈಯನ್ನು ಸೆರಗಿನೊಳಗೆ ಇಟ್ಟುಕೊಂಡಿದ್ದಳು.

ಅವಳ ಬಾಗಿಲ ಮೇಲೆ ಮೂರು ದಿನದಿಂದ ಯಾರೋ ಆಟಿಕೆ ತೂಗುಹಾಕಿ ಹೋಗುತ್ತಿದ್ದಾರೆ. ಆ ಕಾರ್ಖಾನೆಯದೇ. ಹಳದಿ ಬಾತುಕೋಳಿ.

ಇಬ್ಬರನ್ನೂ ಇಟ್ಟುಕೋ, ಅಕ್ಕಾ. ಬೈಯುವುದನ್ನು ನನಗೆ ಬೈ.

ನಿನ್ನ
ಮರಿ


ಜೂನ್ ೨೧

ಮರಿ,

ಬಂದರು. ಇದ್ದಾರೆ.

ನಿನ್ನನ್ನು ಬೈಯುವುದಕ್ಕೆ ಕೂತರೆ ಈ ಹಾಳೆ ಸಾಲದು, ಅದಕ್ಕೇ ಬೈಯುವುದಿಲ್ಲ. ಇವರು ಆವತ್ತು ರಾತ್ರಿ ಊಟ ಮಾಡಲಿಲ್ಲ. ಬೆಳಿಗ್ಗೆ ಎದ್ದು, "ಎಷ್ಟು ದಿನ?" ಅಂತ ಒಂದೇ ಮಾತು ಕೇಳಿದರು. ಗೊತ್ತಿಲ್ಲ ಅಂದೆ. ಮಹಡಿಯ ಕೋಣೆಯಲ್ಲಿ ಪೇರಿಸಿಟ್ಟಿದ್ದ ಔಷಧಿಯ ಖಾಲಿ ಪೆಟ್ಟಿಗೆಗಳನ್ನು ತಾವೇ ಇಳಿಸಿ ಹಾಸಿಗೆ ಹಾಕಿಕೊಟ್ಟರು. ಆಮೇಲೆ ಕಿಟಕಿಗೆ ಹಳೇ ಬೆಡ್‌ಶೀಟು ಕಟ್ಟಿದರು. ಹೊರಗಿನಿಂದ ನೋಡಿದರೆ ಇಡೀ ಬೀದಿಯಲ್ಲಿ ಏನೋ ಬಚ್ಚಿಟ್ಟಿದ್ದಾರೆ ಅಂತ ಕಾಣುವ ಕಿಟಕಿ ಅದೊಂದೇ. ತೆಗೆಸಿದೆ.

ಕೇಳಿದವರಿಗೆ ಇವರ ದೂರದ ದಾಯಾದಿ ಅಂತ ಹೇಳಿದ್ದೇವೆ. ನಿನ್ನ ಮೇಸ್ತ್ರಮ್ಮ ಮಾತು ಕಡಿಮೆ. ಸುಮ್ಮನೆ ಕೂರಲಾರಳು, ಅಂಗಡಿಯ ಹಿಂದೆ ಕೂತು ಮಾತ್ರೆಯ ಡಬ್ಬಿಗಳನ್ನು ಒಪ್ಪ ಮಾಡುತ್ತಾಳೆ. ಅಪಾಯವಿರುವುದು ಅಜ್ಜಿಯಿಂದ. ಕಿವಿ ಕೇಳದವರಿಗೆ ತಮ್ಮ ದನಿ ಎಷ್ಟಿದೆ ಅನ್ನುವುದು ಗೊತ್ತಿರುವುದಿಲ್ಲವಲ್ಲ. ನಿನ್ನೆ ಗಿರಾಕಿಗಳು ತುಂಬಿದ್ದಾಗ ಮಹಡಿಯ ಮೇಲಿನಿಂದ, "ಆ ಮ್ಯಾನೇಜರು ಸಿಕ್ಕಿದ್ನೇನೇ?" ಅಂತ ಕೂಗಿದರು. ನನ್ನ ಕೈಯಲ್ಲಿದ್ದ ಕೆಮ್ಮಿನ ಔಷಧದ ಬಾಟಲು ಜಾರಿ ನೆಲಕ್ಕೆ ಬಿತ್ತು. "ಬ್ಯಾಂಕ್ ಮ್ಯಾನೇಜರು" ಅಂದೆ, ಯಾರೂ ಕೇಳದಿದ್ದರೂ.

ನೀನು ಬೇರೆ ಕಡೆ ಮಲಗು. ಗೆಳತಿಯರ ಮನೆ ಯಾವುದೂ ಇಲ್ಲವೇ? ಇಷ್ಟು ವಯಸ್ಸಾಗಿ ಒಬ್ಬ ಗೆಳತಿಯೂ ಇಲ್ಲದ ಹಾಗೆ ಬದುಕಿದೆಯಲ್ಲ ಅನ್ನಿಸಿ ಬೇಸರವಾಯಿತು. ಅದು ಬೇರೆ ಮಾತು, ಇನ್ನೊಮ್ಮೆ ಆಡೋಣ.

ಅಕ್ಕ


ಜುಲೈ ೧೨

ಮರಿ,

ನಿನ್ನ ಕಾಗದ ಬರಲಿಲ್ಲ. ಬಾರದಿದ್ದರೆ ನನ್ನ ತಲೆ ಎಲ್ಲೆಲ್ಲಿಗೆ ಹೋಗುತ್ತದೆ ಎಂದು ಗೊತ್ತಿದ್ದೂ ಹೀಗೆ ಮಾಡುತ್ತೀಯ.

ನಿನ್ನೆ ಮಧ್ಯಾಹ್ನ ಅಂಗಡಿಗೆ ಒಬ್ಬ ಬಂದ. ಮೂವತ್ತೈದರ ಪ್ರಾಯವಿರಬಹುದು, ಇಸ್ತ್ರಿ ಮಾಡಿದ ಶರ್ಟು, ಸಭ್ಯಸ್ಥ. ಹಿಂದೆ ಎಂದೂ ಕಂಡವನಲ್ಲ. "ಬೆರಳಿಗೆ ಸುತ್ತೋ ಬಟ್ಟೆ ಇದೆಯಾ?" ಅಂದ.

"ಯಾರಿಗೆ?" ಅಂದೆ. ಔಷಧಿ ಅಂಗಡಿಯವಳು ಕೇಳಬಹುದಾದ ಮಾತೇ ಅದು. ಆದರೆ ನನ್ನ ದನಿ ನನ್ನದಾಗಿರಲಿಲ್ಲ.

"ಮನೇಲಿ ಒಬ್ರಿಗೆ" ಅಂದ. ಅಂಗಡಿಯೊಳಗೆ ಕಣ್ಣಾಡಿಸಿದ. ಹಿಂದಿನ ಪರದೆಯ ಆಚೆ ಮೇಸ್ತ್ರಮ್ಮ ಡಬ್ಬಿ ಜೋಡಿಸುತ್ತಿದ್ದಳು, ಸದ್ದು ಬರುತ್ತಿತ್ತು. ಸದ್ದು ನಿಂತಿತು. ಅವಳೂ ಕೇಳಿಸಿಕೊಂಡಿದ್ದಳು. ಆ ಸದ್ದು ನಿಂತದ್ದೇ ಅವನಿಗೆ ಎಲ್ಲ ಹೇಳಿಬಿಟ್ಟಿತೇನೋ ಅನ್ನಿಸಿತು.

"ನಿಮ್ಮ ತಂಗಿ ಸಿನಿಮಾದಲ್ಲಿದ್ದಾರಲ್ವಾ?" ಅಂದ, ಚಿಲ್ಲರೆ ಎತ್ತಿಕೊಳ್ಳುತ್ತಾ.

"ಯಾರು ಹೇಳಿದ್ರು?"

"ಎಲ್ರಿಗೂ ಗೊತ್ತಲ್ಲ" ಅಂತ ಹೊರಟುಹೋದ.

ನಾನೇ ಈ ಬೀದಿಗೆಲ್ಲ ಹೇಳಿಕೊಂಡು ಬಂದಿದ್ದೇನೆ, ನಮ್ಮ ತಂಗಿ ಸಿನಿಮಾದಲ್ಲಿದ್ದಾಳೆ ಅಂತ. ನಿನ್ನೆದುರು ಹೇಳುವುದಿಲ್ಲ ಅಷ್ಟೇ. ಹಾಗಾಗಿ ಅವನು ಈ ಬೀದಿಗೆ ಹೊಸದಾಗಿ ಬಂದ ಬಾಡಿಗೆದಾರನೂ ಇರಬಹುದು, ಅವನ ಹೆಂಡತಿ ತರಕಾರಿ ಹೆಚ್ಚುವಾಗ ಕೈ ಕೊಯ್ದುಕೊಂಡಿರಬಹುದು. ಇರಬಹುದು. ಆದರೆ ಸತ್ಯ ಏನೆಂದು ತಿಳಿಯದೆ ಬದುಕುವುದು ಹೇಗೆ? ಬಂದವರೆಲ್ಲರ ಮುಖವನ್ನೂ ನಾನು ಅಳೆಯುತ್ತಿದ್ದೇನೆ. ಇಷ್ಟು ವರ್ಷ ಜನರ ಕಾಯಿಲೆ ಕೇಳಿ ಔಷಧ ಕೊಟ್ಟವಳು ನಾನು, ಈಗ ಒಬ್ಬ ಗಿರಾಕಿ ಕೆಮ್ಮಿದರೆ ಅದು ಸಂಜ್ಞೆಯೋ ಎಂದು ನೋಡುತ್ತೇನೆ.

ಇವರಿಗೆ ಹೇಳಿದೆ. "ಕಳಿಸಿಬಿಡೋಣ" ಅಂದರು. ಮೇಸ್ತ್ರಮ್ಮ ಅನ್ನ ಬಡಿಸುತ್ತಿದ್ದಳು, ಬಡಿಸುತ್ತಲೇ ಇದ್ದಳು. ಬೆಳಿಗ್ಗೆ ನೋಡಿದರೆ ಇಬ್ಬರ ಬಟ್ಟೆಯೂ ಚೀಲಕ್ಕೆ ಸೇರಿತ್ತು. ಎಲ್ಲಿಗೆ ಹೋಗ್ತೀಯ ಅಂದೆ. ಗೊತ್ತಿಲ್ಲ ಅಂದಳು. ಚೀಲವನ್ನು ನಾನೇ ಬಿಚ್ಚಿದೆ. ಇವರು ಬಟ್ಟೆಗಳನ್ನು ಮತ್ತೆ ಮಹಡಿಗೆ ಒಯ್ದಿಟ್ಟರು.

ಏನಾದರೂ ಮಾಡು. ನೀನು ಹಚ್ಚಿದ್ದು, ನೀನೇ ಆರಿಸು.

ಅಕ್ಕ


ಜುಲೈ ೧೮

ಅಕ್ಕಾ,

ಮೇಸ್ತ್ರಮ್ಮನನ್ನು ಚಿತ್ರದಿಂದ ತೆಗೆದುಬಿಟ್ಟಿದ್ದೇನೆ.

ಕೋಣೆ ಬದಲಿಸಿ, ಒಬ್ಬ ಹಳೆಯ ಸಹೋದ್ಯೋಗಿಯ ಮನೆಯಲ್ಲಿ ಕೂತು ಮೊದಲಿನಿಂದ ಮತ್ತೆ ಜೋಡಿಸಿದೆ. ಅವಳು ಇದ್ದ ಕಡೆಯೆಲ್ಲ ಸುಟ್ಟ ಗೋಡೆ, ಬಾಗಿಲು, ಸತ್ತವರ ಮನೆಯವರು. ದೊಡ್ಡಗಂಟಲು ಮಾವನ ಮನೆಯಿಂದ ಬಂದು ನೋಡಿದರು. "ಚೆನ್ನಾಗಿದೆ. ಯಾರಿಗೂ ತೊಂದರೆ ಇಲ್ಲ" ಅಂದರು. ನಿಜ, ಚೆನ್ನಾಗಿದೆ. ನೋಡಿದವರು ಕಣ್ಣೊರೆಸಿಕೊಳ್ಳುತ್ತಾರೆ. ಬೆಂಕಿ ಬಿತ್ತು, ಪಾಪ ಸತ್ತರು, ವಿಧಿ. ಬೀಗದ ಮಾತೇ ಇಲ್ಲ. ಇಪ್ಪತ್ತು ವರ್ಷದ ಕೈಚಳಕ ಅಕ್ಕಾ, ಅವಳು ಅಲ್ಲಿ ಇದ್ದಳು ಎನ್ನುವ ಕಲೆಯೂ ಉಳಿಯದ ಹಾಗೆ ತೆಗೆದಿದ್ದೇನೆ.

ಅವಳಿಗೆ ಹೇಳು. ಅವಳು ಇನ್ನು ಯಾವ ಚಿತ್ರದಲ್ಲೂ ಇಲ್ಲ, ಇನ್ನು ಹೆದರಬೇಕಾಗಿಲ್ಲ.

ನಾನು ಹೆದರಿದ್ದೇನೆ. ನಿನ್ನ ಕಾಗದ ಓದಿದ ದಿನ ಬಚ್ಚಲಿನಲ್ಲಿ ನೀರು ಬಿಟ್ಟುಕೊಂಡು ಕೂತಿದ್ದೆ, ಹೊರಗಿನ ಸದ್ದು ಕೇಳಿಸದಿರಲಿ ಎಂದು. ನೀರು ಬಿಟ್ಟರೆ ಯಾರಾದರೂ ಬಂದದ್ದೂ ಕೇಳಿಸುವುದಿಲ್ಲವಲ್ಲ ಅನ್ನಿಸಿ ನಲ್ಲಿ ನಿಲ್ಲಿಸಿದೆ. ಮತ್ತೆ ಬಿಟ್ಟೆ.

ನಿನ್ನ
ಮರಿ


ಜುಲೈ ೨೭

ಮೇಡಂ ಅವರಿಗೆ ನಮಸ್ಕಾರ.

ನಿಮ್ಮ ಅಕ್ಕನವರು ಹೇಳಿದರು. ನನ್ನನ್ನ ತೆಗೆದಿದೀರಂತೆ. ನನ್ನ ಒಳ್ಳೇದಕ್ಕೇ ಮಾಡಿದೀರಿ. ಆದರೆ ಒಂದು ಮಾತು ಕೇಳಬೇಕು. ನನ್ನನ್ನ ತೆಗೆದಿದೀರಿ ಅನ್ನೋದು ಅವರಿಗೆ ಹೇಗೆ ಗೊತ್ತಾಗುತ್ತೆ? ಗೊತ್ತಾದರೂ ನಂಬ್ತಾರಾ? ಇವಳು ನಾಳೆ ಬೇರೆ ಕಡೆ ಬಾಯಿ ಬಿಡ್ತಾಳೆ ಅಂತ ಅಂದುಕೊಳ್ಳಲ್ವಾ?

ನಾನು ಯಾರಿಂದ ಮುಖ ಮುಚ್ಚಿಕೊಂಡೆನೋ ಅವರಿಗೆ ನನ್ನ ಮುಖ ಗೊತ್ತು. ಗೊತ್ತಿಲ್ಲದೆ ಇರೋದು ಮಿಕ್ಕ ಜನಕ್ಕೆ. ನಾಳೆ ನಾನು ಲಾರಿ ಕೆಳಗೆ ಬಿದ್ದರೆ, ಯಾರೋ ಹೆಂಗಸು ಪಾಪ ಅಂತಾರೆ. ನನ್ನ ಮುಖ ನಾಲ್ಕು ಜನ ನೋಡಿದ್ದರೆ, ಅಯ್ಯೋ ಅವಳೇ ಅಲ್ವಾ ಅಂತಾರೆ. ಅವರು ಆ ಅಯ್ಯೋಗೆ ಹೆದರ್ತಾರೆ, ನನಗಲ್ಲ.

ಬೆರಳು ಹಾಕಿ. ಮುಖಾನೂ ಹಾಕಿ. ನನ್ನ ದನಿ ನನ್ನದೇ ಇರಲಿ. ಹೆದರಿಕೆ ಇಲ್ಲ ಅಂತ ಬರೀತಿಲ್ಲ. ಇದನ್ನ ಬರೆಯೋಕೆ ನಾಲ್ಕು ಹಾಳೆ ಹರಿದಿದೀನಿ. ಆದರೆ ಒಳಗಿದ್ದವರು ಬಾಗಿಲು ಬಡಿದಿದ್ದು ನಾನು ಹೊರಗೆ ನಿಂತು ಕೇಳಿದೀನಿ. ಕಳ್ಳಿಯ ಹಾಗೆ ಬಚ್ಚಿಟ್ಟುಕೊಂಡು ಕೂತರೆ ಅದೇ ಸದ್ದು ಜಾಸ್ತಿ ಕೇಳಿಸುತ್ತೆ.

ಅಮ್ಮನಿಗೆ ಇನ್ನೂ ಹೇಳಿಲ್ಲ. ಹೇಳಿದರೆ ಬೀದಿಗೆಲ್ಲ ಗೊತ್ತಾಗುತ್ತೆ.

ಇತಿ,
ಮೇಸ್ತ್ರಮ್ಮ

ಮರಿ, ಹಾಳೆಯ ಕೆಳಗೆ ಜಾಗವಿದೆ, ನಾನೂ ಬರೆಯುತ್ತೇನೆ. ನಾನು ಬೇಡ ಅಂದೆ. ಎರಡು ದಿನ ವಾದ ಮಾಡಿದೆ. ಇವರು ಮಾತ್ರ, "ಆಕೆ ಹೇಳೋದು ಸರಿ" ಅಂದರು, ಅಂದು ತಾವೇ ಬೆವೆತರು. ನನ್ನ ಮಾತು ಮುಗಿದುಹೋಯಿತು. ನಿನ್ನ ಮನಸ್ಸು ಏನು ಹೇಳುತ್ತದೋ ನೋಡು. ಅಕ್ಕ.


ಆಗಸ್ಟ್ ೧೧

ಅಕ್ಕಾ,

ನಿಮ್ಮಲ್ಲಿ ಶೂಟಿಂಗ್ ಮುಗಿಸಿ ಹೊರಟ ಕ್ಯಾಮೆರಾದವರೂ ನಾನೂ ಕ್ಷೇಮವಾಗಿ ತಲುಪಿದೆವು. ಬಸ್ಸಿನಲ್ಲಿ ಹಿಂದಿನ ಸೀಟಿನವನು ಇಳಿಯುವವರೆಗೂ ನಾನು ಹಾರ್ಡ್ ಡಿಸ್ಕಿದ್ದ ಚೀಲದ ಮೇಲಿನ ಕೈ ತೆಗೆಯಲಿಲ್ಲ. ಅವನು ಇಳಿಯುವಾಗ, "ಮಗು ಎಷ್ಟು ದಿನದ್ದು?" ಅಂತ ಕೇಳಿದ. ನಾನು ಅಷ್ಟು ಅವುಚಿಕೊಂಡಿದ್ದೆನಂತೆ.

ನಿನ್ನ ಅಂಗಡಿಯ ಹಿಂದಿನ ಕೋಣೆಯಲ್ಲಿ ತೆಗೆದದ್ದನ್ನು ಈಗ ಜೋಡಿಸುತ್ತಿದ್ದೇನೆ. ಬೆಳಕು ಮುಖದ ಮೇಲೇ ಇದೆ. ಅವಳು ಸತ್ತವರ ಹೆಸರುಗಳನ್ನು ಒಂದೊಂದಾಗಿ, ಅವರು ಕೂರುತ್ತಿದ್ದ ಸಾಲಿನ ಪ್ರಕಾರ ಹೇಳಿದಳಲ್ಲ, ಅದನ್ನು ಎಲ್ಲೂ ಮುರಿದಿಲ್ಲ. ಈ ಸಲ ಗಂಟಲು ಸರಿಮಾಡಿಕೊಂಡದ್ದನ್ನೂ ತೆಗೆದಿಲ್ಲ. ದೊಡ್ಡಗಂಟಲಿಗೆ ತೋರಿಸಿದೆ. ಅವರು, "ನನ್ನ ಹೆಸರು ಮೊದಲಿಗೇ ಹಾಕು, ಕೊನೆಗಲ್ಲ. ಬೀಳೋದಾದ್ರೆ ನನ್ನ ಮೇಲೆ ಬೀಳಲಿ" ಅಂದರು. ಓಡಿಹೋದ ಮನುಷ್ಯನೂ ವಾಪಸು ಬರುತ್ತಾನೆ ಅಕ್ಕಾ. ನಾನು ಅವರನ್ನು ಅಷ್ಟು ಬೈದುಕೊಳ್ಳಬಾರದಿತ್ತು.

ಒಂದು ಕೇಳಬೇಕು. ಆ ಕೊನೆಯ ಹೆಸರಿನ ಹತ್ತಿರ ಅವಳ ಮಾತು ನಿಂತುಹೋದಾಗ, ಕ್ಯಾಮೆರಾದ ಆಚೆಯಿಂದ ನೀನು, "ನೀರು ಕುಡೀತೀಯೇನೇ?" ಅಂತ ಕೇಳಿದ್ದೀಯ. ನಿನಗೆ ನೆನಪೂ ಇರಲಿಕ್ಕಿಲ್ಲ. ಅವಳು ತಲೆ ಆಡಿಸಿ ಮುಂದುವರಿಸುತ್ತಾಳೆ. ಸಾಮಾನ್ಯವಾಗಿ ಇಂಥದ್ದನ್ನು ಕತ್ತರಿಸುತ್ತೇವೆ. ಇಟ್ಟರೆ ಆ ಜಾಗಕ್ಕೆ ಜೀವ ಬರುತ್ತದೆ. ಆದರೆ ಇಟ್ಟರೆ ನೀನೂ ಚಿತ್ರದಲ್ಲಿರುತ್ತೀಯ. ನಿನ್ನ ದನಿ ಗುರುತಿಸುವವರು ಗುರುತಿಸುತ್ತಾರೆ, ಅವಳು ಯಾರ ಮನೆಯಲ್ಲಿದ್ದಾಳೆ ಎಂದು ತಿಳಿಯುತ್ತದೆ.

ಈ ಸಲ ಕೇಳದೆ ಇಡುವುದಿಲ್ಲ. ಭಾವನನ್ನೂ ಕೇಳಿ ಬರಿ.

ನಿನ್ನ
ಮರಿ


ಆಗಸ್ಟ್ ೧೬

ಮರಿ,

ಇಡು.

ಅಕ್ಕ


ಸೆಪ್ಟೆಂಬರ್ ೭

ಅಕ್ಕಾ,

ಚಿತ್ರ ತೋರಿಸಿದೆವು.

ನೀವೆಲ್ಲ ಬರದಿದ್ದದ್ದೇ ಒಳ್ಳೆಯದಾಯಿತು. ಹಾಲ್ ಚಿಕ್ಕದು, ಜನ ಗೋಡೆಗೆ ಒರಗಿ ನಿಂತಿದ್ದರು. ಶುರುವಾಗುವ ಮುಂಚೆ ನನಗೆ ಏನಾಯಿತೋ, ಹೋಗಿ ಹಾಲಿನ ಹಿಂಬಾಗಿಲನ್ನು ದೂಡಿ ನೋಡಿದೆ. ಬೀಗ ಹಾಕಿತ್ತು. ಅಲ್ಲಿಯವರನ್ನು ಕರೆದು ತೆಗೆಯಿರಿ ಅಂದೆ. "ಟಿಕೆಟ್ ಇಲ್ದೆ ಒಳಗೆ ನುಗ್ತಾರೆ ಮೇಡಂ" ಅಂದರು. ನುಗ್ಗಲಿ ಅಂದೆ. ತೆಗೆಯುವವರೆಗೆ ಚಿತ್ರ ಶುರುಮಾಡಿಸಲಿಲ್ಲ. ನಾನು ಇಷ್ಟು ಜೋರಾಗಿ ಮಾತಾಡಬಲ್ಲೆ ಎಂದು ನನಗೇ ಗೊತ್ತಿರಲಿಲ್ಲ.

ಅವಳ ಮುಖ ಬಂದಾಗ ಮೂರನೆಯ ಸಾಲಿನಿಂದ ಇಬ್ಬರು ಎದ್ದು ಹೊರಗೆ ಹೋದರು. ಯಾರೆಂದು ತಿಳಿಯದು. ಫೋನ್ ಮಾಡಲು ಹೋದರೋ, ನೋಡಲಾರದೆ ಹೋದರೋ. ಚಿತ್ರ ಮುಗಿಯುವವರೆಗೂ ನಾನು ಪರದೆ ನೋಡಲಿಲ್ಲ, ಆ ಎರಡು ಖಾಲಿ ಕುರ್ಚಿಗಳನ್ನೇ ನೋಡುತ್ತಿದ್ದೆ. ನಿನ್ನ ದನಿ ಬಂತು. ಯಾರೋ ಮೂಗು ಎಳೆದುಕೊಂಡದ್ದು ಕೇಳಿಸಿತು. ಮುಗಿದ ಮೇಲೆ ಯಾರೂ ಚಪ್ಪಾಳೆ ತಟ್ಟಲಿಲ್ಲ, ಎದ್ದೂ ಹೋಗಲಿಲ್ಲ.

ಪತ್ರಿಕೆಗಳಲ್ಲಿ ಬಂದದ್ದು ನೋಡಿರುತ್ತೀಯ. ತನಿಖೆ ಮತ್ತೆ ತೆರೆಯುತ್ತಾರಂತೆ. ಕಾರ್ಖಾನೆಯ ವಕೀಲರು ಆಗಲೇ, ಕೆಲಸ ಕಳೆದುಕೊಂಡ ಒಬ್ಬ ಹೆಂಗಸಿನ ಹಗೆಯ ಮಾತು, ಇದಕ್ಕೆ ಇನ್ನೊಂದು ಸಾಕ್ಷಿ ಎಲ್ಲಿದೆ ಎಂದು ಕೇಳಿದ್ದಾರೆ. ಅದು ಮಾತ್ರ ನಿಜ. ಇನ್ನೊಬ್ಬರಿಲ್ಲ. ಇದ್ದವರೆಲ್ಲ ಒಳಗಿದ್ದರು.

ಇನ್ನು ಅವಳನ್ನು ಒಬ್ಬಳೇ ಹೊರಗೆ ಕಳಿಸಬೇಡ. ನೀನೂ ಹೋಗಬೇಡ.

ನಿನ್ನ
ಮರಿ


ಸೆಪ್ಟೆಂಬರ್ ೧೯

ಮರಿ,

ಮೊದಲು ಕೆಟ್ಟ ಸುದ್ದಿ. ಭಾನುವಾರ ಅಂಗಡಿಯ ಗಾಜಿಗೆ ಕಲ್ಲು ಬಿತ್ತು. ಅಂಗಡಿ ಮುಚ್ಚಿತ್ತು, ಯಾರಿಗೂ ಏನೂ ಆಗಿಲ್ಲ. ಕನ್ನಡಕದ ಅಂಗಡಿಯವರು, ಎದುರು ಮನೆಯ ಮೇಷ್ಟ್ರು, ನಾವು ಕರೆಯದೆಯೇ ಬಂದು ಚೂರು ಗುಡಿಸಿದರು. ಎಲ್ಲರಿಗೂ ಅವಳು ಯಾರು ಅನ್ನುವುದು ಈಗ ಗೊತ್ತು. ಮೇಷ್ಟ್ರ ಹೆಂಡತಿ ಅವಳ ಕೈ ಹಿಡಿದುಕೊಂಡು ನಿಂತಿದ್ದರು. ಇವರು ಪೊಲೀಸರ ಹತ್ತಿರ ಹೋಗಿ ದೂರು ಬರೆದುಕೊಟ್ಟು ಬಂದರು. ಒಬ್ಬರೇ ಹೋದರು, ವಕೀಲರಿಲ್ಲದೆ. ಬಂದ ಮೇಲೆ ಕಾಲು ಚಾಚಿ ಮಲಗಿ, ಕುಡಿಯಲು ಏನಾದರೂ ಬಿಸಿ ಕೊಡು ಅಂದರು.

ಇನ್ನೊಂದು ಸುದ್ದಿ ಒಳ್ಳೆಯದೋ ಕೆಟ್ಟದೋ ನೀನೇ ಹೇಳು. ಅದಕ್ಕೇ ಫೋನು ಬಿಟ್ಟು ಕಾಗದ ಬರೆಯುತ್ತಿದ್ದೇನೆ. ಕನ್ನಡಕದ ಅಂಗಡಿಯವರು ಇವತ್ತೇ ಅಲ್ಲಿಗೆ ಹೊರಟಿದ್ದಾರೆ, ಅವರ ಕೈಯಲ್ಲೇ ಕಳಿಸುತ್ತೇನೆ.

ಬೆಳಿಗ್ಗೆ ಅಂಗಡಿ ತೆರೆಯುವ ಹೊತ್ತಿಗೆ ಒಬ್ಬ ಹುಡುಗಿ ಮೆಟ್ಟಿಲ ಮೇಲೆ ಕೂತಿದ್ದಳು. ಇಪ್ಪತ್ತೈದು ದಾಟಿರಲಾರದು. ದೂರದಿಂದ ಬಂದವಳ ಹಾಗೆ ಮುಖವೆಲ್ಲ ಧೂಳು. ಏನು ಬೇಕು ಅಂದೆ. "ಸಿನಿಮಾದಲ್ಲಿ ನೀರು ಕುಡೀತೀಯಾ ಅಂತ ಕೇಳಿದ್ದು ನೀವೇನಾ?" ಅಂದಳು.

"ಯಾವ ಸಿನಿಮಾ? ಇದು ಔಷಧಿ ಅಂಗಡಿ" ಅಂದೆ. ಶಟರ್ ಎತ್ತಿದ್ದನ್ನು ಮತ್ತೆ ಇಳಿಸಿದೆ. ಇವರು ಒಳಗಿನಿಂದ ಚಿಲಕ ಹಾಕಿದರು. ಹುಡುಗಿ ಜಗಳ ಮಾಡಲಿಲ್ಲ, ಮತ್ತೆ ಬಡಿಯಲೂ ಇಲ್ಲ. ಕಿಟಕಿಯ ಸಂದಿಯಿಂದ ನೋಡಿದರೆ ಅದೇ ಮೆಟ್ಟಿಲ ಮೇಲೆ ಕೂತಿದ್ದಾಳೆ. ಮೇಸ್ತ್ರಮ್ಮ ಮಹಡಿಯಿಂದ ಇಳಿದು ಬಂದಳು. ನನ್ನ ಭುಜದ ಮೇಲಿನಿಂದ ನೋಡಿದಳು. ನೋಡಿದವಳೇ ಚಿಲಕ ತೆಗೆದಳು, ನಾನು ಕೈ ಹಿಡಿದರೂ ಬಿಡಿಸಿಕೊಂಡು.

ಆ ಹುಡುಗಿ ಎದ್ದು ನಿಂತಳು. ಇಬ್ಬರೂ ಹತ್ತಿರ ಹೋಗಲಿಲ್ಲ.

"ಆಫೀಸಲ್ಲಿ ಕಸ ಗುಡಿಸ್ತಿದ್ದವಳಲ್ವಾ ನೀನು?" ಅಂದಳು ಮೇಸ್ತ್ರಮ್ಮ.

"ಹೌದಕ್ಕಾ" ಅಂದಳು ಹುಡುಗಿ. ಆಮೇಲೆ, ನನ್ನ ಕಡೆ ನೋಡುತ್ತಾ, ನಾನೇ ನ್ಯಾಯಾಧೀಶೆ ಎಂಬಂತೆ, "ಆ ಬೀಗ ಅಂಗಡಿಯಿಂದ ತಂದುಕೊಟ್ಟವಳು ನಾನು. ಮ್ಯಾನೇಜರು ಹಾಕಿದ್ದು ನಾನು ನೋಡಿದೀನಿ" ಅಂದಳು.

ಮೇಸ್ತ್ರಮ್ಮ ಅವಳ ಕೆನ್ನೆಗೆ ಹೊಡೆಯುತ್ತಾಳೋ ಅಂದುಕೊಂಡೆ. ಕೈ ಎತ್ತಿದ್ದೂ ನಿಜ. ಆಮೇಲೆ ಆ ಕೈಯಿಂದಲೇ ಅವಳನ್ನು ಒಳಗೆ ಎಳೆದುಕೊಂಡು ಬಾಗಿಲು ಹಾಕಿದಳು.

ಈಗ ಅಂಗಡಿಯ ಹಿಂದಿನ ಕೋಣೆಯಲ್ಲಿ ಕೂತಿದ್ದಾಳೆ. ಗಾಜಿಗೆ ಕಲ್ಲು ಬಿದ್ದ ಸುದ್ದಿಯನ್ನು ಪತ್ರಿಕೆಯಲ್ಲಿ ಓದಿ ಅಂಗಡಿ ಹುಡುಕಿಕೊಂಡು ಬಂದಳಂತೆ. ನೀರು ಕೊಟ್ಟೆ, ಲೋಟ ಹಿಡಿದುಕೊಂಡೇ ಇದ್ದಾಳೆ, ಕುಡಿದಿಲ್ಲ. ಎಲ್ಲವನ್ನೂ ಹೇಳುತ್ತಾಳಂತೆ, ಆದರೆ ಒಂದೇ ಸಲ, ನಿಮ್ಮ ಕ್ಯಾಮೆರಾದ ಮುಂದೆ. ಆಮೇಲೆ ಧೈರ್ಯ ಉಳಿಯುತ್ತೋ ಇಲ್ಲವೋ ಗೊತ್ತಿಲ್ಲ ಅನ್ನುತ್ತಾಳೆ. ಚಪ್ಪಲಿ ಇನ್ನೂ ಬಿಚ್ಚಿಲ್ಲ.

ಬೇಗ ಬಾ.

ಅಕ್ಕ